ಕೆಂಪು ಪೆನ್ಸಿಲಿನ ಪ್ರಶ್ನೆ

ಕಾರ್ಟೂನು ಮಾಡುವ ಕೆಲಸಕ್ಕೆ ಸೇರುತ್ತೇವೆಂದು ಹೊರಟ ಹುಡುಗ ಹುಡುಗಿಯರು ಈಗ ನಮ್ಮ ಮಲ್ಪೆಯಲ್ಲೂ ಸಿಗುತ್ತಾರೆ. ನಾನು ಆ ಕೆಲಸ ಮಾಡಿ ನಿವೃತ್ತನಾದವನೆಂದು ಯಾರೋ ಹೇಳಿ ಕಳಿಸಿರುತ್ತಾರೆ. ಬಂದವರು ಮೊದಲು ಕೇಳುವುದು ಯಾವ ಸಾಫ್ಟ್‌ವೇರ್ ಕಲಿಯಬೇಕು ಎಂದು. ನಾನು ಕಲಿತ ಮೂರೂ ಸಾಫ್ಟ್‌ವೇರುಗಳು ನನಗಿಂತ ಮೊದಲೇ ನಿವೃತ್ತವಾದವು ಮಾರಾಯರೇ, ಅದನ್ನು ಹೇಳಿ ಎಂತ ಪ್ರಯೋಜನ? ನನ್ನಲ್ಲಿ ಉಳಿದಿರುವುದು ಒಂದು ಪ್ರಶ್ನೆ ಮಾತ್ರ. ಅದನ್ನು ಕಲಿಸಿದವರು ಇವಾಕುರ ಎಂಬ ಜಪಾನಿನ ನಿರ್ದೇಶಕರು. ಕಲಿಸಿದ್ದು ಬಹರೈನಿನ ಸೆಗಯಾದಲ್ಲಿ, ಒಂದು ಲಾಂಡ್ರಿಯ ಮೇಲಿನ ಮೂರನೇ ಮಹಡಿಯಲ್ಲಿ.

ಅದಕ್ಕೂ ಮೊದಲು ನಾನು ಅಲ್ಲಿಯದೇ ಸಲ್ಮಾಬಾದ್‌ನಲ್ಲಿ ಬೋರ್ಡು ಬರೆಯುತ್ತಿದ್ದೆ. ಗ್ಯಾರೇಜು, ಟಯರ್ ಅಂಗಡಿ, ಕೋಲ್ಡ್ ಸ್ಟೋರ್, ನೀರಿನ ಟ್ಯಾಂಕರು, ಎಲ್ಲದರ ಮೇಲೂ ನನ್ನ ಕೈಯ ಅರಬ್ಬಿ ಅಕ್ಷರ ಇತ್ತು. ಓದಲು ಒಂದೂ ಬರುತ್ತಿರಲಿಲ್ಲ. ಚಿತ್ರ ನೋಡಿದ ಹಾಗೆ ನೋಡಿ ಬರೆಯುವುದು, ಅಷ್ಟೆ. ಸ್ಟಿಕ್ಕರ್ ಕತ್ತರಿಸುವ ಮೆಷಿನ್ ಬಂದ ಮೇಲೆ ಬ್ರಷ್ಷು ಹಿಡಿದವರಿಗೆ ಕೆಲಸ ಕಡಿಮೆಯಾಯಿತು. ಅದೇ ಹೊತ್ತಿಗೆ ಸೆಗಯಾದಲ್ಲಿ ಜಮಾಲ್ ಎಂಬ ಬಹರೈನಿನವನು ಮಕ್ಕಳ ಕಾರ್ಟೂನು ಮಾಡುವ ಸಣ್ಣ ಸ್ಟುಡಿಯೋ ತೆರೆದು, ಹಿನ್ನೆಲೆ ಚಿತ್ರ ಬರೆಯಲು ಕೈಯಿರುವವರನ್ನು ಹುಡುಕುತ್ತಿದ್ದ.

ಈ ಜಮಾಲನ ಕಥೆಯೂ ಸ್ವಾರಸ್ಯದ್ದೇ. ಸಣ್ಣವನಿದ್ದಾಗ ಸಂಜೆ ಟಿವಿಯಲ್ಲಿ ಅರಬ್ಬಿ ಮಾತಾಡುವ ಒಂದು ಕಾರ್ಟೂನು ನೋಡಿ ಬೆಳೆದವನು. ಅದರಲ್ಲಿ ಹಿಮ ಬೀಳುತ್ತಿತ್ತಂತೆ. ಯಾವುದೋ ಚಳಿಯ ಅರಬ್ ದೇಶ ಇರಬೇಕು, ದೊಡ್ಡವನಾದ ಮೇಲೆ ಅಲ್ಲಿಗೆ ಹೋಗಬೇಕು ಎಂದುಕೊಂಡಿದ್ದನಂತೆ. ಅದು ಜಪಾನಿನದ್ದು, ಮಾತು ಮಾತ್ರ ಅರಬ್ಬಿಯದ್ದು ಎಂದು ಗೊತ್ತಾದದ್ದು ಮೀಸೆ ಬಂದ ಮೇಲೆ. ಆ ಧಾರಾವಾಹಿಯ ನಿರ್ದೇಶಕರನ್ನು ಹುಡುಕಿ ಪತ್ರ ಬರೆದ. ಇವಾಕುರ ಆಗಷ್ಟೇ ನಿವೃತ್ತರಾಗಿದ್ದರು. ತಮ್ಮ ಕೆಲಸವನ್ನು ಮರಳುಗಾಡಿನ ಮಕ್ಕಳು ನೋಡಿದ್ದಾರೆಂದು ಅವರಿಗೆ ಅಲ್ಲಿಯವರೆಗೆ ಗೊತ್ತೇ ಇರಲಿಲ್ಲವಂತೆ. ಆ ಮಕ್ಕಳು ಈಗ ಹೇಗಿದ್ದಾರೆ ನೋಡಿ ಬರುತ್ತೇನೆ ಎಂದು ಒಂದು ಪೆಟ್ಟಿಗೆ ಹಿಡಿದು ಬಂದವರು ವರ್ಷಗಟ್ಟಲೆ ಉಳಿದರು.

ನನ್ನ ಸಂದರ್ಶನದಲ್ಲಿ ಅವರು ಕಾಗದ ಕೊಟ್ಟು, ಒಬ್ಬ ಗ್ಯಾಸ್ ಸಿಲಿಂಡರ್ ಎತ್ತುವುದನ್ನು ಐದು ಚಿತ್ರಗಳಲ್ಲಿ ಬರೆ ಎಂದರು. ಇದೇನು ಮಹಾ ಎಂದು ಬರೆದುಕೊಟ್ಟೆ. ಮೂಳೆ, ಸ್ನಾಯು, ಬೆವರು ಎಲ್ಲ ಇತ್ತು. ಅವರು ಐದೂ ಕಾಗದಗಳನ್ನು ಬೆರಳುಗಳ ಸಂದಿಯಲ್ಲಿ ಹಿಡಿದು ಪಟಪಟ ತಿರುವಿ ನೋಡಿದರು. ಮೊದಲ ಚಿತ್ರದ ಮೂಲೆಯಲ್ಲಿ ಕೆಂಪು ಪೆನ್ಸಿಲಿನಿಂದ ಇಂಗ್ಲಿಷಿನಲ್ಲಿ ಒಂದು ಸಾಲು ಬರೆದರು: ಎಲ್ಲಿ ನೋಡಿದ್ದು?

ಎಲ್ಲಿಯೂ ನೋಡಿರಲಿಲ್ಲ. ಅಂದಾಜಿಗೆ ಬರೆದದ್ದು. ಹಾಗೆಂದು ಬಾಯಿಬಿಟ್ಟೆ. ಅವರು ಬಾಗಿಲು ತೋರಿಸಿದರು. ಕೆಲಸ ಹೋಯಿತು ಎಂದುಕೊಂಡು ಮೆಟ್ಟಿಲಿಳಿದರೆ ಹಿಂದಿನಿಂದ ಅವರೂ ಇಳಿದು ಬಂದರು. ಇಬ್ಬರೂ ಲಾಂಡ್ರಿಯ ಎದುರು ನಿಂತೆವು. ಅರ್ಧ ಗಂಟೆಯಲ್ಲಿ ಸಿಲಿಂಡರಿನ ಪಿಕಪ್ ಬಂತು. ಇಳಿದವನು ಸಿಲಿಂಡರನ್ನು ಎತ್ತುವ ಮೊದಲು ಪಾದದಿಂದ ಮೆಲ್ಲ ಒದ್ದ. ತುಂಬಿದ್ದೋ ಖಾಲಿಯೋ ಶಬ್ದದಿಂದ ತಿಳಿಯಲು. ಆಮೇಲೇ ಬೆನ್ನು ಬಗ್ಗಿಸಿದ್ದು. ಇವಾಕುರ ನನ್ನ ಭುಜ ತಟ್ಟಿ, ಆ ಒದೆ ಇದೆಯಲ್ಲ, ಅದೇ ಆ ಮನುಷ್ಯ ಎಂದರು. ಉಳಿದದ್ದೆಲ್ಲ ಬರೀ ಭಾರ ಎತ್ತುವುದಂತೆ. ಮೇಲೆ ಹೋಗಿ ಒದೆಯಿಂದ ಶುರುಮಾಡಿ ಆರು ಚಿತ್ರ ಬರೆದೆ. ಕೆಲಸ ಸಿಕ್ಕಿತು.

ಮುಂದೆ ಗೊತ್ತಾಯಿತು, ಅವರ ಇಡೀ ವಿದ್ಯೆ ಆ ಒಂದು ಪ್ರಶ್ನೆಯಲ್ಲಿತ್ತು. ಚಿತ್ರ ಸರಿಯಿಲ್ಲ ಎಂದು ಎಂದೂ ಹೇಳುತ್ತಿರಲಿಲ್ಲ. ಎಲ್ಲಿ ನೋಡಿದ್ದು ಎಂದು ಕೆಂಪಿನಲ್ಲಿ ಬರೆದು ಹಿಂದಿರುಗಿಸುವರು. ಅದರ ಕೆಳಗೆ ನಾವು ಉತ್ತರ ಬರೆಯಬೇಕು. ಉತ್ತರ ಇಲ್ಲದಿದ್ದರೆ ಎದ್ದು ಹೋಗಿ ನೋಡಿ ಬರಬೇಕು. ಒಂದು ಹಳೇ ಕಾರಿನ ಬಾಗಿಲು ಮುಚ್ಚುವ ದೃಶ್ಯಕ್ಕಾಗಿ ನಮ್ಮನ್ನು ದ್ವೀಪದ ನಡುವಿನ ಅವಾಲಿ ಎಂಬ ಊರಿನವರೆಗೆ ಓಡಿಸಿದ್ದರು. ಅಲ್ಲಿ ಮರದ ನೆರಳಿನ ಬೀದಿಯಲ್ಲಿ ಯಾರದೋ ಮನೆಯ ಮುಂದೆ ಒಂದು ಹಳೇ ಗಾಡಿ ಇತ್ತು. ಅದರ ಬಾಗಿಲು ಎರಡನೇ ಸಲಕ್ಕೇ ಮುಚ್ಚುವುದು ಎಂದು ನೋಡಿಕೊಂಡು ಬಂದೆವು. ಹೀಗೆ ತಿರಸ್ಕೃತವಾದ ಹಾಳೆಗಳನ್ನು ಅವರು ಹರಿಯುತ್ತಿರಲಿಲ್ಲ. ಪ್ರಶ್ನೆ, ಉತ್ತರ ಸಮೇತ ಒಂದು ಮರದ ಪೆಟ್ಟಿಗೆಯಲ್ಲಿ ಜೋಡಿಸಿಡುತ್ತಿದ್ದರು.

ನನ್ನ ಪಕ್ಕದ ಮೇಜಿನಲ್ಲಿ ಅರ್ಚನಾ ಇದ್ದಳು. ಮೈಸೂರಿನವಳು, ಗಂಡ ಬ್ಯಾಂಕಿನಲ್ಲಿದ್ದ. ನಾವು ಬರೆದದ್ದನ್ನೆಲ್ಲ ಕಂಪ್ಯೂಟರಿನಲ್ಲಿ ಕೂಡಿಸಿ ಚಲಿಸುವಂತೆ ಮಾಡುವುದು ಅವಳ ಕೆಲಸ. ಹೊಸ ಟ್ಯಾಬ್ಲೆಟ್ಟು ಬಂದಾಗ ನನಗೆ ಅದರ ಮೇಲೆ ಗೆರೆ ಎಳೆಯಲು ಕಲಿಸಿದವಳೂ ಅವಳೇ. ಕೈ ಒಂದು ಕಡೆ, ಗೆರೆ ಇನ್ನೊಂದು ಕಡೆ. ಎಮ್ಮೆಗೆ ಮೇವು ಹಾಕಿ ಪಕ್ಕದ ಮನೆಯಲ್ಲಿ ಹಾಲು ಕರೆದ ಹಾಗಾಗುತ್ತದೆ ಎಂದು ನಾನು ಗೊಣಗಿದರೆ, "ಸದಾನಂದ್ ಸಾರ್, ನೀವು ಗಾದೆ ಹೇಳೋ ಸ್ಪೀಡಲ್ಲಿ ಡ್ರಾ ಮಾಡಿದ್ರೆ ನಾವು ಐದು ಗಂಟೆಗೇ ಮನೆಗೆ ಹೋಗ್ಬೋದು" ಎನ್ನುತ್ತಿದ್ದಳು. ಇವಾಕುರರಿಗೂ ಟ್ಯಾಬ್ಲೆಟ್ಟು ಒಗ್ಗಲಿಲ್ಲ. ಗಾಜಿನ ಮೇಲೆ ಬೆರಳ ಸಂದಿಗೆ ಕಾಗದ ಸಿಗುವುದಿಲ್ಲವಲ್ಲ. ಹಾಗಾಗಿ ಅರ್ಚನಾ ಎಲ್ಲವನ್ನೂ ಮುದ್ರಿಸಿ ಕೊಡುವಳು, ಅವರು ತಿರುವಿ ನೋಡುವರು.

ಬಿಡುವಿನಲ್ಲಿ ತಮ್ಮ ಕಥೆ ಹೇಳುವರು. ಹದಿನೆಂಟಕ್ಕೆ ಕೆಲಸಕ್ಕೆ ಸೇರಿದವರಿಗೆ ಎರಡು ವರ್ಷ ಬರೀ ಹೊಗೆ ಬರೆಯಲು ಕೊಟ್ಟರಂತೆ. ಒಲೆಯ ಹೊಗೆ, ರೈಲಿನ ಹೊಗೆ, ಚಹದ ಹಬೆ. ಮನುಷ್ಯರ ಮುಖ ಬರೆಯಲು ಬಿಟ್ಟದ್ದು ಮೂರನೇ ವರ್ಷದಲ್ಲಿ. ಬೇಸರ ಬರಲಿಲ್ಲವೇ ಎಂದು ಕೇಳಿದೆ. ಯಾವ ಎರಡು ಒಲೆಯ ಹೊಗೆಯೂ ಒಂದೇ ಥರ ಏಳುವುದಿಲ್ಲ, ಬೇಸರಕ್ಕೆ ಪುರುಸೊತ್ತೇ ಇರಲಿಲ್ಲ ಎಂದರು. ನಮ್ಮ ಗಲ್ಲಿಯ ಉಡುಪಿ ಹೋಟೆಲಿಗೆ ಕರೆದೊಯ್ದರೆ ಇಡ್ಲಿ ತಣ್ಣಗಾಗುವವರೆಗೆ ಅದರ ಹಬೆಯನ್ನೇ ನೋಡುತ್ತ ಕುಳಿತಿರುವರು. ಹೋಟೆಲಿನ ಭಟ್ಟರಿಗೆ ಇಡ್ಲಿ ಸರಿಯಿಲ್ಲವೋ ಎಂದು ಸಂಕಟ.

ಇಷ್ಟಾದ ಮೇಲೆ ನನ್ನ ದೊಡ್ಡ ತಪ್ಪಿಗೆ ಬರುತ್ತೇನೆ.

ಜಮಾಲ್ ರಂಜಾನಿಗೆ ಪ್ರಸಾರವಾಗುವ ಅರ್ಧ ಗಂಟೆಯ ಚಿತ್ರ ಒಪ್ಪಿಕೊಂಡಿದ್ದ. ಹಿಂದಿನ ಕಾಲದ ಮುತ್ತಿನ ಬೇಟೆಯ ಕಥೆ. ಬೇಸಿಗೆಯಲ್ಲಿ ಹಾಯಿ ಹಡಗುಗಳು ತಿಂಗಳುಗಟ್ಟಲೆ ಕಡಲಿಗೆ ಹೋಗುವುದು, ಗಂಡಸರು ಮೂಗಿಗೆ ಚಿಮಟ ಹಾಕಿ ಮುಳುಗಿ ಚಿಪ್ಪು ತರುವುದು. ಕಥೆ ಕೊಟ್ಟವರು ಬು ಈಸಾ ಎಂಬ ಹಿರಿಯರು. ಈಸಾ ಎಂಬ ಮಗನ ತಂದೆ ಎಂದು ಅಲ್ಲಿ ಹಾಗೆ ಕರೆಯುತ್ತಾರೆ. ದ್ವೀಪದ ಪೂರ್ವ ತುದಿಯ ಹಿದ್ ಎಂಬ ಊರಿನವರು. ಅವರು ಆರೇಳು ವರ್ಷದವರಿದ್ದಾಗ ತಂದೆ ಒಂದು ಬೆಳಿಗ್ಗೆ ಹಡಗು ಹತ್ತಿದವರು ಹಿಂದೆ ಬರಲಿಲ್ಲ. ಋತು ಮುಗಿದು ಹಡಗುಗಳು ಮರಳುವ ಸಂಜೆ ತಾಯಿಯ ಜೊತೆ ದಡದಲ್ಲಿ ನಿಂತಿದ್ದರಂತೆ. ಹಡಗು ಬಂತು, ತಂದೆ ಅದರಲ್ಲಿರಲಿಲ್ಲ. ಕಡಲಲ್ಲೇ ಮಣ್ಣಾಗಿದ್ದರು.

ಕಥೆ ಕೊಡುವಾಗ ಬು ಈಸಾ ಒಂದೇ ಷರತ್ತು ಹಾಕಿದ್ದರು. ಹಣ ಬೇಡ, ಹೆಸರು ಬೇಡ. ಅಪ್ಪ ಹೋದದ್ದು ಹೋದ ಹಾಗೆಯೇ ಕಾಣಬೇಕು. ಅದು ಬೇರೆ ಥರ ಕಂಡರೆ ಚಿತ್ರ ತೋರಿಸಬಾರದು. ಇವಾಕುರ ಎದ್ದು ನಿಂತು ಬಗ್ಗಿ ನಮಸ್ಕರಿಸಿ ಮಾತು ಕೊಟ್ಟರು.

ಹಡಗು ಹೊರಡುವ ಬೆಳಗಿನ ದೃಶ್ಯದ ಬಣ್ಣ, ಬೆಳಕು ಎಲ್ಲ ನನ್ನ ಪಾಲಿಗೆ ಬಂತು. ಮೀನುಗಾರರ ಮನೆಯವನು ನಾನು. ನನ್ನಜ್ಜಿ ಮಲ್ಪೆಯ ದಡದಲ್ಲಿ ಮೀನು ಮಾರಿದವಳು. ಮುಂಜಾವದಲ್ಲಿ ದೋಣಿ ಹೊರಡುವುದನ್ನು ಅವಳ ಸೆರಗು ಹಿಡಿದು ಎಷ್ಟು ಸಲ ನೋಡಿಲ್ಲ? ಕಣ್ಣು ಮುಚ್ಚಿ ಬರೆದೆ. ಬೆಳಗಿನ ಹೊನ್ನಿನ ಬಿಸಿಲು ಹಾಯಿಯ ಮೇಲೆ ಬಿದ್ದಿದೆ, ಹಡಗುಗಳು ನೀರಿನ ಮೇಲೆ ಹಳದಿ ಹೂವಿನ ಹಾಗೆ ತೇಲುತ್ತಿವೆ. ದಡದಲ್ಲಿ ನಿಂತವರ ನೆರಳು ಉದ್ದಕ್ಕೆ ನೀರಿನತ್ತ ಚಾಚಿದೆ. ಇವಾಕುರ ಅದನ್ನು ಬಹಳ ಹೊತ್ತು ನೋಡಿದರು. ಮೊದಲ ಬಾರಿಗೆ ಕೆಂಪು ಪೆನ್ಸಿಲ್ ಮುಟ್ಟದೆ ಸಹಿ ಹಾಕಿದರು. ಅಂದು ನಾನು ಎಲ್ಲರಿಗೂ ಬಿರಿಯಾನಿ ತರಿಸಿದೆ.

ಎಲ್ಲ ಕೂಡಿಸಿ ಬಣ್ಣ ತುಂಬಿದ ಮೇಲೆ, ಧ್ವನಿ ಸೇರಿಸುವ ಮೊದಲು, ಆ ದೃಶ್ಯ ತೋರಿಸಲು ಬು ಈಸಾರನ್ನು ಕರೆಸಿದೆವು. ಗುರುವಾರ ಮಧ್ಯಾಹ್ನ. ಕೋಲು ಊರಿಕೊಂಡು ಮೂರು ಮಹಡಿ ಹತ್ತಿ ಬಂದು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತರು. ಅರ್ಚನಾ ದೀಪ ಆರಿಸಿದಳು. ಪರದೆಯ ಮೇಲೆ ದೂರದಲ್ಲಿ ಹೊನ್ನಿನ ಹಾಯಿಗಳು ಮೂಡಿದವು. ಹಿರಿಯರು ಮುಂದಕ್ಕೆ ಬಾಗಿದರು. ಅವರ ಕೋಲು ನೆಲಕ್ಕೆ ಬಿತ್ತು. ಏನೋ ಒಂದೇ ಒಂದು ಮಾತು ಹೇಳಿದರು.

ಜಮಾಲ್ ನಮಗೆ ತಿಳಿಸಿದ. "ಮರಳಿ ಬಂದರು ಅನ್ನುತ್ತಿದ್ದಾರೆ."

ಬಳಿಕ ಅವನೇ ಬಗ್ಗಿ ಮೆಲ್ಲ ಹೇಳಿದ, ಅಲ್ಲ ಬು ಈಸಾ, ಇದು ಹೊರಟದ್ದು, ಬೆಳಗಿನ ಹೊತ್ತು ಎಂದು. ಬು ಈಸಾ ಬಗ್ಗಿ ಕೋಲು ಎತ್ತಿಕೊಂಡರು. ಆಮೇಲೆ ಹೇಳಿದರು, "ನಮ್ಮಲ್ಲಿ ಬೆಳಿಗ್ಗೆ ಹಾಯಿ ಕಪ್ಪು." ತಂದಿಟ್ಟ ಚಹ ಮುಟ್ಟದೆ ಎದ್ದು, ಒಂದೊಂದೇ ಮೆಟ್ಟಿಲು ಇಳಿದು ಹೋದರು.

ಇವಾಕುರ ನನ್ನ ಬಣ್ಣದ ಹಾಳೆ ತರಿಸಿದರು. ಸಹಿಯ ಪಕ್ಕದಲ್ಲಿ ಕೆಂಪಿನಲ್ಲಿ ಬರೆದರು: ಎಲ್ಲಿ ನೋಡಿದ್ದು? ನಾನು ಕೆಳಗೆ ಬರೆದೆ: ಮಲ್ಪೆ, ಬೆಳಿಗ್ಗೆ. ಅಲ್ಲಿ ಕಡಲು ಯಾವ ಕಡೆ ಎಂದು ಕೇಳಿದರು. ಪಶ್ಚಿಮ ಎಂದೆ. ಹೇಳಿದ ಕೂಡಲೇ ನನಗೆ ತಪ್ಪು ಹೊಳೆಯಿತು. ನಮ್ಮಲ್ಲಿ ಸೂರ್ಯ ಹುಟ್ಟುವುದು ಬೆನ್ನ ಹಿಂದಿನ ತೆಂಗಿನ ಸಾಲಿನಿಂದ, ಮುಳುಗುವುದು ಕಡಲಿಗೆ. ಬೆಳಿಗ್ಗೆ ಹೊರಡುವ ದೋಣಿಯ ಮೇಲೆ ದಡದ ಕಡೆಯಿಂದ ಬಿಸಿಲು ಬೀಳುತ್ತದೆ. ಹಿದ್‌ನಲ್ಲಿ ಕಡಲಿರುವುದು ಪೂರ್ವಕ್ಕೆ. ಅಲ್ಲಿ ಹಾಯಿ ಹೊನ್ನಾಗುವುದು ಸಂಜೆ ಮರಳುವಾಗ ಮಾತ್ರ. ಎಪ್ಪತ್ತು ವರ್ಷ ಆ ಮನುಷ್ಯ ಕಾದಿದ್ದ ಸಂಜೆಯನ್ನು ನಾನು ಬೆಳಗು ಎಂದು ಬರೆದು ತೋರಿಸಿದ್ದೆ. ಬಹರೈನಿನಲ್ಲಿ ಅಷ್ಟು ವರ್ಷ ಇದ್ದೂ ನಾನು ಕಡಲಿನಿಂದ ಸೂರ್ಯ ಹುಟ್ಟುವುದನ್ನು ನೋಡಿರಲಿಲ್ಲ. ಸಲ್ಮಾಬಾದ್‌ನ ಶೆಡ್ಡಿನಲ್ಲಿ ಸೂರ್ಯ ಹುಟ್ಟುತ್ತಿದ್ದದ್ದು ತಗಡಿನಿಂದ.

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂದು ನನ್ನಜ್ಜಿ ಮೀನಿನ ಕಿವಿರು ಎತ್ತಿ ತೋರಿಸುತ್ತ ಹೇಳುತ್ತಿದ್ದಳು. ಆ ಗಾದೆ ನನಗೆ ಅರ್ಥವಾದದ್ದು ಅಂದು.

ಬೈಯುತ್ತಾರೆಂದು ಕಾದೆ. ಇವಾಕುರ ತಮ್ಮ ಸಹಿಯ ಮೇಲೆ ಬೆರಳಿಟ್ಟು, "ನಾನು ಕೇಳಲಿಲ್ಲ. ಚಿತ್ರ ಚಂದ ಇತ್ತು, ಅದಕ್ಕೇ ಕೇಳಲಿಲ್ಲ" ಎಂದರು. ಅವರದ್ದು ಜಪಾನಿನ ಪೂರ್ವ ಕರಾವಳಿಯ ಊರು. ದಿನಾ ಕಡಲಿನಿಂದ ಸೂರ್ಯ ಬರುವುದನ್ನು ನೋಡಿ ಬೆಳೆದವರು. ಈ ಮನುಷ್ಯ ಇಲ್ಲಿ ಇಷ್ಟು ವರ್ಷ ಇದ್ದವನು, ಇಲ್ಲಿಯದ್ದು ಹೀಗಿರಬೇಕು ಎಂದು ನನ್ನನ್ನು ನಂಬಿದ್ದರು.

ಜಮಾಲ್ ತಲೆ ಹಿಡಿದು ಕೂತ. ರಂಜಾನಿಗೆ ಮೂರು ವಾರ ಇತ್ತು. ನೋಡುವವರಲ್ಲಿ ಇನ್ನಾರಿಗೂ ಇದು ತಿಳಿಯುವುದಿಲ್ಲ, ಹಾಗೇ ಕಳಿಸೋಣ ಎಂದ. ಹೇಳಿದವನ ದನಿಯಲ್ಲೇ ಬಲ ಇರಲಿಲ್ಲ. ಅರ್ಚನಾ ಕಂಪ್ಯೂಟರಿನಲ್ಲಿ ಹಾಯಿಯನ್ನು ಕಪ್ಪು ಮಾಡಿ ನೋಡಿದಳು. ಹಾಯಿ ಕಪ್ಪಾಯಿತು, ದಡದವರ ನೆರಳು ಮಾತ್ರ ಇನ್ನೂ ಸೂರ್ಯನ ಕಡೆಗೇ ಬೀಳುತ್ತಿತ್ತು. "ಇದು ಫಿಲ್ಟರ್ ಹಾಕಿ ಸರಿಯಾಗೋದಲ್ಲ ಸಾರ್" ಎಂದು ಅವಳೇ ಕೈಬಿಟ್ಟಳು. ನಾನು ಜಮಾಲನ ಬಳಿ ಹೋಗಿ, ತಪ್ಪು ನನ್ನದು, ಬೇಕಾದರೆ ನನ್ನನ್ನು ಕಳಿಸಿಬಿಡು, ಅದಕ್ಕೆ ಮೊದಲು ಇದನ್ನು ತಿದ್ದಲು ಬಿಡು ಎಂದು ಕೇಳಿಕೊಂಡೆ. ಅವನು ಇವಾಕುರರ ಮುಖ ನೋಡಿದ. ಅವರು ಆಗಲೇ ಚಪ್ಪಲಿ ಹಾಕಿಕೊಂಡಿದ್ದರು. ನೋಡಿ ಬರಬೇಕಲ್ಲ.

ಮರುದಿನ ನಸುಕಿನಲ್ಲಿ ನಾವು ನಾಲ್ವರೂ ಹಿದ್‌ಗೆ ಹೋಗಿ ಬು ಈಸಾರ ಬಾಗಿಲು ತಟ್ಟಿದೆವು. ಅವರು ಮುಖ ಗಂಟಿಕ್ಕಿಕೊಂಡೇ ಕಾರು ಹತ್ತಿದರು. ಕಡಲು ಅವರ ಮನೆಯಿಂದ ಈಗ ಕಾಣುವುದಿಲ್ಲ. ಕಡಲಿಗೆ ಮಣ್ಣು ತುಂಬಿ ತುಂಬಿ ಆ ಕಡೆಯೆಲ್ಲ ಗೋದಾಮು, ಬೇಲಿ. ಸುತ್ತಿ ಸುತ್ತಿ ಒಂದು ಬೇಲಿಯ ಕೊನೆಯಲ್ಲಿ ನಾಲ್ಕು ಮಾರು ದಡ ಸಿಕ್ಕಿತು. ಕಾವಲಿನವನು ಬಂದು ಇಲ್ಲಿ ಎಂತ ಕೆಲಸ ಎಂದು ಕೇಳಿದ. ಸೂರ್ಯನನ್ನು ನೋಡುವುದಕ್ಕೆ ಎಂದು ಜಮಾಲ್ ಹೇಳಿದ. ಕಾವಲಿನವನು ನಮ್ಮೆಲ್ಲರ ಗುರುತಿನ ಕಾರ್ಡು ನೋಡಿ, ಇವಾಕುರರದ್ದನ್ನು ಎರಡು ಸಲ ನೋಡಿ, ತಾನೂ ಪಕ್ಕದಲ್ಲಿ ನಿಂತ.

ಸೂರ್ಯ ನೀರಿನಿಂದ ಎದ್ದ. ನಾನು ಐವತ್ತು ದಾಟಿದವನು, ಹಾಗೆ ನೋಡಿದ್ದು ಅದೇ ಮೊದಲು. ದೂರದಲ್ಲಿ ಒಂದು ಮೀನಿನ ದೋಣಿ ಹೊರಟಿತ್ತು. ಕಪ್ಪು ಚುಕ್ಕೆ ಅಷ್ಟೆ. ಬೆಳಕು ಏರಿದಂತೆ ಅದೂ ಕಾಣದಾಯಿತು. ನೀರೆಲ್ಲ ಕಣ್ಣು ಕುಕ್ಕುವ ಬೆಳ್ಳಿ. ನಮಗೆ ಗೊತ್ತಿಲ್ಲದೆಯೇ ಎಲ್ಲರ ಕೈ ಹಣೆಗೆ ಹೋಗಿತ್ತು. ಇವಾಕುರ ಕಡಲನ್ನು ಬಿಟ್ಟು ನಮ್ಮ ಕೈಗಳನ್ನು ನೋಡುತ್ತಿದ್ದರು. ಬು ಈಸಾರ ಕಡೆ ತಿರುಗಿ, ನಿಮ್ಮ ತಾಯಿಯೂ ಹೀಗೆ ಕೈ ಎತ್ತಿದ್ದರೇ ಎಂದು ಜಮಾಲನಿಂದ ಕೇಳಿಸಿದರು.

ಹಿರಿಯರು ಹಣೆಯ ಮೇಲಿನ ಕೈ ಇಳಿಸಿದರು. ಅಮ್ಮ ಕೈ ಬೀಸುತ್ತಿದ್ದಾಳೆ ಎಂದುಕೊಂಡು ನಾನೂ ಬೀಸಿದ್ದೆ ಎಂದರು. ಆಮೇಲೆ ಅವರು ಹೇಳಿದ್ದನ್ನು ಜಮಾಲ್ ನಡುನಡುವೆ ನಿಲ್ಲಿಸಿ ನಮಗೆ ತಿಳಿಸಿದ: "ಅಪ್ಪ ತಿರುಗಿ ನೋಡಿದನೋ ಇಲ್ಲವೋ ನನಗೆ ಗೊತ್ತಿಲ್ಲ. ಬೆಳಕೇ ಕಂಡದ್ದು."

ಆ ಮೂರು ವಾರ ನಾವು ನಲವತ್ತೊಂದು ದೃಶ್ಯ ತುಣುಕುಗಳನ್ನು ಹೊಸದಾಗಿ ಬರೆದೆವು. ಹಾಯಿ ಕಪ್ಪು, ಮುಖಗಳ ಮೇಲೆ ಬಿಸಿಲು, ನೆರಳು ಮನೆಯ ಕಡೆಗೆ. ತಾಯಿಯ ಕೈ ಹಣೆಗೆ ಏರುತ್ತದೆ, ಮಗು ಅದನ್ನು ನೋಡಿ ಕೈ ಬೀಸುತ್ತದೆ, ಹಡಗು ಬೆಳಕಿನೊಳಗೆ ಕರಗುತ್ತದೆ. ತಂದೆಯ ಮುಖವನ್ನು ಇವಾಕುರ ತೋರಿಸಲೇ ಇಲ್ಲ. ಅರ್ಚನಾಳ ಗಂಡ ಮಧ್ಯಾಹ್ನದ ಊಟ ತಂದುಕೊಟ್ಟು ಹೋಗುತ್ತಿದ್ದ. ನನ್ನನ್ನು ಕಳಿಸುವ ಮಾತನ್ನು ಯಾರೂ ಮತ್ತೆ ಎತ್ತಲಿಲ್ಲ, ಕೆಲಸ ಅಷ್ಟಿತ್ತು.

ಪುನಃ ಒಂದು ಮಧ್ಯಾಹ್ನ ಬು ಈಸಾ ಮೂರು ಮಹಡಿ ಹತ್ತಿದರು. ಅದೇ ಕುರ್ಚಿ. ಕೋಲನ್ನು ಈ ಸಲ ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದಿದ್ದರು. ದೃಶ್ಯ ಮುಗಿದಾಗ ತಲೆಯಾಡಿಸಿ, "ಹೋದರು" ಎಂದರು. ಚಹ ಕುಡಿದರು. ಇನ್ನೊಂದು ಲೋಟ ಕೇಳಿ ಅದನ್ನೂ ಕುಡಿದರು. ಇವಾಕುರ ಎದ್ದು, ಮೊದಲು ಮಾತು ಕೊಟ್ಟಾಗ ಬಗ್ಗಿದ ಹಾಗೆಯೇ ಬಗ್ಗಿದರು.

ಹಿರಿಯರು ಏಳಲಿಲ್ಲ. ಜಮಾಲನನ್ನು ಹತ್ತಿರ ಕರೆದು ಏನೋ ಕೇಳಿದರು. ಜಮಾಲ್ ನನ್ನ ಕಡೆ ನೋಡಿದ. ಟಿವಿಯಲ್ಲಿ ಇದೇ ಬರಲಿ, ಸರಿಯಾದದ್ದು ಇದೇ. ಆ ಮೊದಲಿನ ತಪ್ಪು ಚಿತ್ರ ಉಂಟಲ್ಲ, ಹಡಗು ಮರಳಿ ಬಂದದ್ದು, ಅದನ್ನು ನೀವು ಅಳಿಸಿಬಿಟ್ಟಿರೋ ಎಂದು ಅವರು ಕೇಳುತ್ತಿದ್ದರು.

ಅರ್ಚನಾ ಅಳಿಸಿರಲಿಲ್ಲ. ಒಂದು ಡಿಸ್ಕಿಗೆ ಹಾಕಿಕೊಟ್ಟಳು. ಇವಾಕುರ ತಮ್ಮ ಮರದ ಪೆಟ್ಟಿಗೆ ತೆರೆದು ನನ್ನ ಬಣ್ಣದ ಹಾಳೆಯನ್ನೂ ತಂದು ಅವರ ತೊಡೆಯ ಮೇಲಿಟ್ಟರು. ಹೊನ್ನಿನ ಹಾಯಿಗಳು, ಮೂಲೆಯಲ್ಲಿ ಕೆಂಪಕ್ಷರ, ಅದರ ಕೆಳಗೆ ನನ್ನದು. ಇದೇನು ಬರೆದದ್ದು ಎಂದು ಬು ಈಸಾ ಬೆರಳಿಟ್ಟು ಕೇಳಿದರು. ಎಲ್ಲಿ ನೋಡಿದ್ದು ಎಂಬ ಪ್ರಶ್ನೆ, ಇದನ್ನು ಬರೆದವನು ತನ್ನ ಊರಿನ ಹೆಸರು ಹೇಳಿದ್ದಾನೆ ಎಂದು ಜಮಾಲ್ ವಿವರಿಸಿದ. ಅವರು ಜೇಬಿನಿಂದ ಪೆನ್ನು ತೆಗೆದು, ನನ್ನ ಉತ್ತರದ ಕೆಳಗೆ, ಬಲದಿಂದ ಎಡಕ್ಕೆ ಒಂದು ಸಾಲು ಬರೆದರು. ವರ್ಷಗಟ್ಟಲೆ ಅರಬ್ಬಿ ಬರೆದವನು ನಾನು, ಓದಲು ಬರದೆ ಚಿತ್ರ ನೋಡಿದ ಹಾಗೆ ನೋಡಿದೆ.

ಏನೆಂದು ಕೇಳಿದಾಗ ಜಮಾಲ್ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದ. ಆಮೇಲೆ ಓದಿ ಹೇಳಿದ.

"ಸೆಗಯಾದಲ್ಲಿ, ಲಾಂಡ್ರಿಯ ಮೇಲೆ, ಗುರುವಾರ."